ಅನ್ನಕ್ಕೆ ಹೆಸರಿಟ್ಟ ಕೋಫ್, ಮತ್ತು ನಮ್ಮ ಕಾಫಿ

ಫ್ರಾನ್ಸಿನಲ್ಲಿ ಜ್ಯಾನ್-ಪಿಯೇರ್ ಕೋಫ್ ಅಂತ ಒಬ್ಬ ಇದ್ದ. ಕಾಫಿಯ ಇಂಗ್ಲಿಷ್ ಸ್ಪೆಲ್ಲಿಂಗಿನಿಂದ ಕೊನೆಯ ಒಂದು 'ಇ' ಕಿತ್ತು ಹಾಕಿದರೆ ಉಳಿಯೋದೇ ಅವನ ಮನೆತನದ ಹೆಸರು. ಆಲ್ದೂರಿನ ಕಡೆಯ ನನ್ನಂಥವನಿಗೆ ಆ ಹೆಸರು ಕಣ್ಣಿಗೆ ಬಿದ್ದ ಮೇಲೆ ಮುಂದೆ ಓದದೆ ಇರೋಕಾಗುತ್ತಾ? ಓದಿದೆ. ಆತನಿಗೂ ಕಾಫಿ ಬೆಳೆಗೂ ಏನೇನೂ ಸಂಬಂಧ ಇಲ್ಲ ಅಂತ ಮೊದಲೇ ಹೇಳಿಬಿಡ್ತೀನಿ. ಆದರೆ ಅವನ ಕಥೆಗೂ ನಮ್ಮ ಕಾಫಿಯ ಕಥೆಗೂ ಸಂಬಂಧ ಇದೆ. ಅದನ್ನೇ ಇಲ್ಲಿ ಬರೆಯೋಕೆ ಹೊರಟಿದ್ದೀನಿ.

ಕೋಫ್‌ನ ಕೆಲಸ ಏನಪ್ಪಾ ಅಂದ್ರೆ, ಟಿವಿಯಲ್ಲಿ ಕೂತು ತಿಂಡಿ ತಿನಿಸನ್ನು ಬೈಯೋದು! ಅಡುಗೆ ಮಾಡಿ ತೋರಿಸೋರು ಬೇಕಾದಷ್ಟು ಜನ ಇದ್ದಾರೆ. ಈತ ಅಂಗಡಿಯಿಂದ ತಂದ ಪ್ಯಾಕೆಟ್ ಬಿಚ್ಚಿ, ಮೂಸಿ, ಬಾಯಿಗಿಟ್ಟು, ಸರಿ ಇಲ್ಲ ಅಂದ್ರೆ ಸರಿ ಇಲ್ಲ ಅಂತ ಇಡೀ ದೇಶದ ಮುಂದೆ ಕೂಗಿ ಹೇಳ್ತಿದ್ದ. ಬೋಳು ತಲೆ, ಬಣ್ಣ ಬಣ್ಣದ ದುಂಡು ಫ್ರೇಮಿನ ಕನ್ನಡಕ, ದೊಡ್ಡ ಗಂಟಲು. ಅವನ ಬಾಯಲ್ಲಿ ಸದಾ ಇದ್ದ ಒಂದು ವಾಕ್ಯ ಫ್ರಾನ್ಸಿನ ಮಕ್ಕಳಿಗೂ ಬಾಯಿಪಾಠ ಆಗಿತ್ತಂತೆ. ಅದನ್ನು ಕನ್ನಡಕ್ಕೆ ತಂದರೆ 'ಇದು ...' ಅಂತ ಶುರುವಾಗಿ ಎರಡಕ್ಷರದಲ್ಲಿ ಮುಗಿಯುತ್ತೆ. ಆ ಎರಡಕ್ಷರ ನಾನು ಬರೆಯಲ್ಲ, ನಿಮಗೆ ಗೊತ್ತು. 'ಸಗಣಿ' ಅಂತ ಅನುವಾದ ಮಾಡೋಣ ಅಂದ್ರೆ ನಮ್ಮಲ್ಲಿ ಸಗಣಿಗೆ ಮರ್ಯಾದೆ ಇದೆ. ಅಂಗಳ ಸಾರಿಸ್ತೀವಿ, ಕಣ ಸಾರಿಸ್ತೀವಿ. ಹಾಗಾಗಿ ಅದು ಬೇಡ.

ನಮ್ಮ ಕಡೆ ಇಂಥ ಒಬ್ಬ ಮನುಷ್ಯನನ್ನು ಕಲ್ಪಿಸಿಕೊಳ್ಳೋದೇ ಕಷ್ಟ. ಯಾಕಂದ್ರೆ ಚಿಕ್ಕಂದಿನಿಂದ ನಮಗೆಲ್ಲ ಹೇಳಿಕೊಟ್ಟಿದ್ದು ಒಂದೇ ಮಾತು: ಅನ್ನಕ್ಕೆ ಹೆಸರಿಡಬಾರದು. ತಟ್ಟೆಗೆ ಬಿದ್ದದ್ದನ್ನು ಮಾತಾಡದೆ ಉಣ್ಣಬೇಕು. ಉಪ್ಪು ಹೆಚ್ಚಾಗಿದ್ದರೆ ಸ್ವಲ್ಪ ಮಜ್ಜಿಗೆ ಬೆರೆಸಿಕೊಳ್ಳಬೇಕು. ಮದುವೆ ಮನೆಯಲ್ಲಿ ಕೈ ತೊಳೆಯುವ ಜಾಗದಲ್ಲಿ ಯಾರಾದರೂ 'ಊಟ ಹೆಂಗಾಯ್ತು?' ಅಂತ ಕೇಳಿದರೆ ಅದಕ್ಕೆ ಉತ್ತರ ಒಂದೇ, 'ಭಾಳ ಚೆನ್ನಾಗಾಯ್ತು.' ಬೈಕ್ ಹತ್ತಿ ಹ್ಯಾಂಡ್‌ಪೋಸ್ಟ್ ದಾಟಿದ ಮೇಲೆ ಬೇರೆ ಉತ್ತರ ಬರುತ್ತೆ, ಅದು ಬೇರೆ ವಿಷಯ.

ಇದನ್ನು ತಪ್ಪು ಅಂತ ನಾನು ಹೇಳ್ತಿಲ್ಲ. ಅಕ್ಕಿಗೆ ಪರದಾಡಿದ ಕಾಲ ನೋಡಿದವರು ಮಾಡಿದ ನಿಯಮ ಅದು. ಬಡಿಸಿದವರ ಮನಸ್ಸು ನೋಯಬಾರದು ಅನ್ನೋ ದಾಕ್ಷಿಣ್ಯವೂ ಅದರಲ್ಲಿದೆ. ಆದರೆ ಈ ನಿಯಮದಿಂದ ಒಂದು ವಿಚಿತ್ರ ಆಗಿದೆ ನೋಡಿ. ಕನ್ನಡದಲ್ಲಿ ಅಡುಗೆ ಬರವಣಿಗೆಗೆ ಸಾವಿರ ವರ್ಷದ ಚರಿತ್ರೆ ಇದೆ. 1025ರಲ್ಲಿ ಚಾಳುಕ್ಯರ ಕಾಲದ ಚಾವುಂಡರಾಯ ಬರೆದ 'ಲೋಕೋಪಕಾರ'ದಲ್ಲಿ ಪಾಕಶಾಸ್ತ್ರಕ್ಕೆ ಒಂದು ಅಧ್ಯಾಯವೇ ಇದೆ. 16ನೇ ಶತಮಾನದ ಹೊತ್ತಿಗೆ ಮೂರನೇ ಮಂಗರಸ ಅಡುಗೆಗೆಂದೇ 'ಸೂಪಶಾಸ್ತ್ರ' ಅಂತ ಪದ್ಯದಲ್ಲಿ ಪುಸ್ತಕ ಬರೆದ. ಹೇಗೆ ಮಾಡಬೇಕು ಅಂತ ಹೇಳೋರು ಅಷ್ಟು ಹಿಂದಿನಿಂದಲೂ ಇದ್ದಾರೆ. ಮಾಡಿದ್ದು ಹೇಗಿದೆ ಅಂತ ಬಹಿರಂಗವಾಗಿ ಹೇಳೋರು?

ಟಿವಿ ಬಂದ ಮೇಲೂ ಅಷ್ಟೆ. 1981ರಲ್ಲಿ ಬೆಂಗಳೂರು ದೂರದರ್ಶನ ಶುರುವಾಯ್ತು, 1994ರಲ್ಲಿ ಉದಯ ಟಿವಿ, 2000ದಲ್ಲಿ ಈಟಿವಿ ಕನ್ನಡ. ಆಮೇಲೆ ಚಾನೆಲ್‌ಗಳ ಸುರಿಮಳೆ. ಸಿಹಿಕಹಿ ಚಂದ್ರು ಅವರ 'ಬೊಂಬಾಟ್ ಭೋಜನ', ಮುರಳಿ ಅವರ 'ಒಗ್ಗರಣೆ ಡಬ್ಬಿ' ಇವನ್ನೆಲ್ಲ ನಮ್ಮ ಮನೆಯಲ್ಲೂ ನೋಡಿದ್ದೀವಿ, ಕಲಿತೂ ಇದ್ದೀವಿ. ಅವು ಅಡುಗೆ ಕಲಿಸೋ ಕಾರ್ಯಕ್ರಮಗಳು. ಇಂಥ ಕಾರ್ಯಕ್ರಮಗಳಲ್ಲಿ ಅತಿಥಿ ಬಂದು ಒಂದು ಚಮಚ ಬಾಯಿಗಿಟ್ಟು, ಕಣ್ಣು ಮುಚ್ಚಿ, 'ಸೂಪರ್' ಅನ್ನೋದು ರೂಢಿ. ಬಾಯಿಗಿಟ್ಟು 'ಯಾಕೋ ಸರಿ ಇಲ್ಲ, ಹಸಿ ವಾಸನೆ ಹೋಗಿಲ್ಲ' ಅಂದ ಅತಿಥಿಯನ್ನು ನಾನಂತೂ ಈವರೆಗೆ ನೋಡಿಲ್ಲ. ಅದಕ್ಕೇ ಕೋಫ್‌ನ ಕಥೆ ನನಗೆ ಅಷ್ಟು ಹೊಸದಾಗಿ ಕಂಡಿದ್ದು.

ಆತ ಹುಟ್ಟಿದ್ದು 1938ರ ಮಾರ್ಚ್ 24ರಂದು, ಫ್ರಾನ್ಸಿನ ಪೂರ್ವಕ್ಕೆ ಲೊರೇನ್ ಸೀಮೆಯಲ್ಲಿರುವ ಲ್ಯೂನೆವಿಲ್ ಅನ್ನೋ ಊರಿನಲ್ಲಿ. ಎರಡು ವರ್ಷ ತುಂಬುವಷ್ಟರಲ್ಲಿ ಮಹಾಯುದ್ಧ. 1940ರಲ್ಲಿ ಅಪ್ಪ ಯುದ್ಧದಲ್ಲಿ ಸತ್ತ. ಅಮ್ಮ ಹೇರ್ ಡ್ರೆಸರ್. ಬೆಳೆದದ್ದು ಹೆಚ್ಚಾಗಿ ಹೆಂಗಸರ ಕೈಯಲ್ಲಿ, ಅಜ್ಜಿಯ ಅಡುಗೆ ಮನೆಯಲ್ಲಿ. ಯುದ್ಧದ ಕಾಲ ಅಂದ್ರೆ ರೇಷನ್ ಕಾಲ. ಬೆಣ್ಣೆ, ಮಾಂಸ, ಬ್ರೆಡ್ಡು ಎಲ್ಲ ಚೀಟಿಯ ಮೇಲೆ. ಅಂಥ ಕಾಲದಲ್ಲಿ ಹಿತ್ತಲಲ್ಲಿ ನಾಲ್ಕು ಬದನೆ, ಎರಡು ಸಾಲು ಮೂಲಂಗಿ ಇದ್ದ ಮನೆಯೇ ಪುಣ್ಯವಂತರ ಮನೆ. ಮುಂದೆ ಜೀವನವಿಡೀ ಆತ ತರಕಾರಿ ತೋಟದ ಬಗ್ಗೆ ಹುಚ್ಚು ಹತ್ತಿದವನ ಹಾಗೆ ಮಾತಾಡಿದ್ದಕ್ಕೂ ಪುಸ್ತಕ ಬರೆದಿದ್ದಕ್ಕೂ ಬೇರು ಇಲ್ಲೇ ಇದೆ ಅಂತ ನನಗನ್ನಿಸುತ್ತೆ.

ಆದರೆ ಯುವಕನಾದಾಗ ಅವನ ಕನಸು ಅಡುಗೆಯದ್ದಲ್ಲ, ನಾಟಕದ್ದು. ಪ್ಯಾರಿಸಿಗೆ ಹೋಗಿ 'ಕೂರ್ ಸಿಮೋನ್' ಅನ್ನೋ ಹೆಸರುವಾಸಿ ನಟನಾ ಶಾಲೆ ಸೇರಿದ. ಮುಂದೆ ಸಿನಿಮಾಗಳಲ್ಲಿ ಸಣ್ಣ ಪುಟ್ಟ ಪಾತ್ರಗಳೂ ಸಿಕ್ಕವು. ಹೊಟ್ಟೆಪಾಡಿಗೆ ಬೇರೆ ಬೇರೆ ಕೆಲಸ. 1976ರಲ್ಲಿ ಪ್ಯಾರಿಸಿನಲ್ಲಿ 'ಲಾ ಸಿಬೂಲೆಟ್' ಅಂತ ಒಂದು ರೆಸ್ಟೋರೆಂಟ್ ತೆಗೆದ. ಸಿಬೂಲೆಟ್ ಅಂದ್ರೆ ಹುಲ್ಲಿನ ಹಾಗೆ ಸಣ್ಣಗಿರುವ ಒಂದು ಜಾತಿಯ ಈರುಳ್ಳಿ ಸೊಪ್ಪು. ಆದರೆ ಹೋಟೆಲಿನ ಧಣಿಯಾಗಿ ಅವನು ಹೆಚ್ಚು ಕಾಲ ಉಳಿಯಲಿಲ್ಲ. ದೇಶ ಅವನನ್ನು ಗುರುತಿಸಿದ್ದು ಆಮೇಲೆ, ರೇಡಿಯೋ ಟಿವಿಗಳಿಗೆ ಬಂದ ಮೇಲೆ.

ಈ ಎರಡು ಕಸುಬು ನೆನಪಿಟ್ಟುಕೊಳ್ಳಿ. ನಾಟಕ ಕಲಿತಿದ್ದರಿಂದ ಗಂಟಲು ಮತ್ತು ಸಮಯಪ್ರಜ್ಞೆ ಬಂತು. ಹೋಟೆಲು ನಡೆಸಿದ್ದರಿಂದ ಮಾರ್ಕೆಟ್ಟಿನ ಒಳಸುಳಿ ಗೊತ್ತಾಯಿತು. ಯಾವ ಕೋಳಿ ಎಷ್ಟು ದಿನದಲ್ಲಿ ಬೆಳೆಯುತ್ತೆ, ಟೊಮ್ಯಾಟೋ ಯಾವಾಗ ಕಾಯಿ ಕೀಳ್ತಾರೆ, ಸಾಸೇಜಿನ ಒಳಗೆ ಏನೇನು ತುಂಬ್ತಾರೆ ಅನ್ನೋದು ಪುಸ್ತಕ ಓದಿ ಬಂದ ಜ್ಞಾನ ಅಲ್ಲ, ಬಿಲ್ಲು ಕಟ್ಟಿ ಬಂದ ಜ್ಞಾನ.

ಅವನು ಟಿವಿಗೆ ಬಂದ ಕಾಲದ ಫ್ರಾನ್ಸ್ ಹೇಗಿತ್ತು ಅಂತ ಸ್ವಲ್ಪ ಹೇಳಬೇಕು. ನಾವೆಲ್ಲ ಫ್ರಾನ್ಸ್ ಅಂದ್ರೆ ಚೀಸು, ವೈನು, ದೊಡ್ಡ ದೊಡ್ಡ ಬಾಣಸಿಗರು ಅಂದುಕೊಂಡಿರ್ತೀವಿ. ಆದರೆ 1963ರಲ್ಲಿ ಪ್ಯಾರಿಸಿನ ಹತ್ತಿರ ಕಾರ್‌ಫೂರ್ ಕಂಪನಿ ಆ ದೇಶದ ಮೊದಲ ಹೈಪರ್‌ಮಾರ್ಕೆಟ್ ತೆರೆದಾಗಿನಿಂದ ಜನ ಸಂತೆ ಬಿಟ್ಟು ಟ್ರಾಲಿ ತಳ್ಳೋಕೆ ಶುರು ಮಾಡಿದ್ದರು. ಒಂದು ತಲೆಮಾರು ಕಳೆಯೋದರಲ್ಲಿ ಊರ ಕಟುಕ, ಊರ ಬೇಕರಿಯವ, ಸೊಪ್ಪಿನವಳು ಎಲ್ಲ ಮೂಲೆಗೆ ಸರಿದರು. ಪ್ಲಾಸ್ಟಿಕ್ಕಿನಲ್ಲಿ ಸುತ್ತಿದ ಹ್ಯಾಮು, ಚಳಿಗಾಲದಲ್ಲೂ ಕೆಂಪಗಿರೋ ಆದರೆ ನೀರು ನೀರಾದ ಟೊಮ್ಯಾಟೋ, ಗೂಡಿನಲ್ಲಿ ಬೆಳೆಸಿದ ಕೋಳಿ. ಎಲ್ಲ ಅಗ್ಗ, ಎಲ್ಲ ಒಂದೇ ಥರ.

ಇದರ ಎದುರು ನಿಂತು ಕಿರುಚಿದವನು ಕೋಫ್. 1984ರಲ್ಲಿ ಶುರುವಾದ 'ಕನಾಲ್ ಪ್ಲ್ಯೂಸ್' ಅನ್ನೋ ಖಾಸಗಿ ಚಾನೆಲ್ ಆ ಕಾಲಕ್ಕೆ ಸ್ವಲ್ಪ ತುಂಟತನದ್ದು. ಅದರ ಮಧ್ಯಾಹ್ನದ ಹರಟೆ ಕಾರ್ಯಕ್ರಮದ ಹೆಸರು 'ದೊಡ್ಡ ಕುಟುಂಬ' ಅಂತ. ಅಲ್ಲಿ ಇವನಿಗೊಂದು ಮೂಲೆ ಸಿಕ್ಕಿತು. ಜನ ಊಟ ಮಾಡೋ ಹೊತ್ತಿಗೆ ಸರಿಯಾಗಿ ಇವನು ಬಂದು ಅವರ ತಟ್ಟೆಯಲ್ಲಿರೋದನ್ನೇ ಬೈಯೋನು! ಸಾಸೇಜ್ ಹಿಡಿದು ತೋರಿಸಿ, ಮುರಿದು, ಇದರಲ್ಲಿ ಮಾಂಸ ಎಲ್ಲಿದೆ ಅಂತ ಕೇಳೋನು. ಆಮೇಲೆ ಆ ಎರಡಕ್ಷರ. ಸ್ವಲ್ಪ ದಿನದಲ್ಲೇ ಅದೇ ಚಾನೆಲ್ಲಿನ ಗೊಂಬೆಯಾಟದ ವ್ಯಂಗ್ಯ ಸುದ್ದಿಯಲ್ಲಿ ಕೋಫ್‌ನ ಗೊಂಬೆಯೂ ಬಂತು. ಪ್ರಧಾನಿಗಳ, ಅಧ್ಯಕ್ಷರ ಗೊಂಬೆಗಳ ಪಕ್ಕದಲ್ಲಿ ಸಾಸೇಜ್ ಬೈಯೋ ಒಬ್ಬನ ಗೊಂಬೆ. ಖ್ಯಾತಿ ಅಂದ್ರೆ ಅದು.

ಬರೀ ಬೈದಿದ್ದರೆ ಅವನ ಬಗ್ಗೆ ಇಷ್ಟು ಬರೆಯೋ ಅಗತ್ಯ ಇರಲಿಲ್ಲ. ಬೈಯೋರಿಗೆ ಬರ ಎಲ್ಲಿದೆ? ಆತ ಒಳ್ಳೆಯದನ್ನು ಹುಡುಕಿಕೊಂಡು ಹೋಗಿ ತೋರಿಸ್ತಿದ್ದ. ನಿಧಾನವಾಗಿ ಬೆಳೆದ ಕೋಳಿ ಸಾಕೋ ರೈತ, ಹಳೇ ತಳಿಯ ಸೇಬು ಉಳಿಸಿಕೊಂಡವನು, ಹಸೀ ಹಾಲಿನಲ್ಲಿ ಚೀಸ್ ಮಾಡೋ ಮನೆ. 1989ರಿಂದ ಒಂದಾದ ಮೇಲೊಂದು ಪುಸ್ತಕ ಬರೆದ. 1992ರಲ್ಲಿ ಬಂದ ಪುಸ್ತಕದ ಹೆಸರೇ 'ರುಚಿಯನ್ನು ಕಾಪಾಡಿ' ಅನ್ನೋ ಮೊರೆ. 1996ರಲ್ಲಿ ಇಂಗ್ಲೆಂಡಿನ ಹುಚ್ಚು ದನದ ರೋಗ ಇಡೀ ಯುರೋಪನ್ನು ಹೆದರಿಸಿದಾಗ, ಇಷ್ಟು ದಿನ ಇವನದು ಬರೀ ನಾಟಕ ಅಂತ ನಕ್ಕಿದ್ದವರಿಗೂ ತಟ್ಟೆಯಲ್ಲಿರೋದು ಎಲ್ಲಿಂದ ಬಂತು ಅನ್ನೋ ಪ್ರಶ್ನೆ ಸಣ್ಣದಲ್ಲ ಅಂತ ಅರ್ಥವಾಯಿತು.

ಆಮೇಲೆ ಸರ್ಕಾರಿ ರೇಡಿಯೋ 'ಫ್ರಾನ್ಸ್ ಅಂತೆರ್'ನಲ್ಲಿ ಶನಿವಾರದ ಕಾರ್ಯಕ್ರಮ. ಅದು 2008ರವರೆಗೆ ನಡೆಯಿತು. ಅದರ ಹೆಸರನ್ನು ಕನ್ನಡಕ್ಕೆ ತರೋದು ನನಗೆ ಬಹಳ ಖುಷಿ ಕೊಟ್ಟ ಕೆಲಸ. ಫ್ರೆಂಚಿನಲ್ಲಿ ತಿನ್ನೋದಕ್ಕೆ ಎರಡು ಪದ ಇದೆ, ಒಂದು ಮರ್ಯಾದೆಯದ್ದು, ಇನ್ನೊಂದು ಒರಟು. ಕಾರ್ಯಕ್ರಮದ ಹೆಸರಿನಲ್ಲಿ ಎರಡನ್ನೂ ಎದುರುಬದುರು ನಿಲ್ಲಿಸಿದ್ದಾನೆ. ನಮ್ಮ ಮಾತಿನಲ್ಲಿ ಹೇಳೋದಾದರೆ, 'ಅದು ಮುಕ್ಕೋದಲ್ಲ, ಉಣ್ಣೋದು!' ನಮ್ಮ ಅಜ್ಜಿಯಂದಿರು ಅವಸರವಾಗಿ ಬಾಯಿಗೆ ತುಂಬಿಕೊಳ್ಳೋ ಮಕ್ಕಳಿಗೆ ಹೇಳ್ತಿದ್ದದ್ದೂ ಇದನ್ನೇ ಅಲ್ವಾ? 'ಯಾಕ್ಲಾ ಹಂಗೆ ಮುಕ್ತೀಯ, ಕೂತ್ಕಂಡು ಉಣ್ಣು' ಅಂತ.

ಇಲ್ಲಿಯವರೆಗಿನ ಕಥೆ ಕೇಳಿದರೆ ಕೋಫ್ ಒಬ್ಬ ವೀರ. ಆದರೆ ಚರಿತ್ರೆ ಅಷ್ಟು ಸುಲಭಕ್ಕೆ ಯಾರನ್ನೂ ಬಿಡಲ್ಲ.

2009ರಲ್ಲಿ ಫ್ರಾನ್ಸಿನ ಜನ ಟಿವಿ ಹಚ್ಚಿದಾಗ ಕೋಫ್ ಒಂದು ಜಾಹೀರಾತಿನಲ್ಲಿ ಕಾಣಿಸಿಕೊಂಡ. ಯಾರದ್ದು? 'ಲೀಡರ್ ಪ್ರೈಸ್' ಅನ್ನೋ ಅಗ್ಗದ ಸೂಪರ್ ಮಾರ್ಕೆಟ್ ಸರಣಿಯದ್ದು! ಇಪ್ಪತ್ತು ವರ್ಷ ಯಾವ ಪ್ಯಾಕೆಟ್ಟುಗಳನ್ನು ಎತ್ತಿ ಎಸೆದಿದ್ದನೋ ಆ ಲೋಕದ ಬಾಗಿಲಲ್ಲಿ ನಿಂತು 'ಬನ್ನಿ' ಅಂತ ಕರೀತಿದ್ದ. ಅವನನ್ನು ನಂಬಿದವರಿಗೆ ಹೇಗಾಗಿರಬೇಡ? ದುಡ್ಡಿಗೆ ನಾಲಿಗೆ ಮಾರಿಕೊಂಡ ಅಂದರು. ರೈತರ ಪರ ಮಾತಾಡಿದವನು ರೈತರ ಬೆಲೆ ಹಿಂಡೋ ಅಂಗಡಿಗೆ ಸೇರಿದ ಅಂದರು.

ಅವನ ಕಡೆಯ ವಾದವನ್ನೂ ಹೇಳಬೇಕು. ಹಿಂದಿನ ವರ್ಷವಷ್ಟೇ ಜಗತ್ತಿನ ಹಣಕಾಸು ಬಿಕ್ಕಟ್ಟು ಬಂದಿತ್ತು. ಕೆಲಸ ಕಳಕೊಂಡವರು, ಪಿಂಚಣಿಯಲ್ಲಿ ಬದುಕೋರು ಊರ ಕಟುಕನ ಹತ್ತಿರ ಒಳ್ಳೆ ಮಾಂಸ ಕೊಳ್ಳೋಕೆ ಆಗಲ್ಲ. ಅವರು ಹೋಗೋದು ಅಗ್ಗದ ಅಂಗಡಿಗೇ. ಹಾಗಿರುವಾಗ ಹೊರಗೆ ನಿಂತು ಬೈಯೋದಕ್ಕಿಂತ ಒಳಗೆ ಹೋಗಿ ಅಲ್ಲಿನ ಸಾಮಾನನ್ನು ಸುಧಾರಿಸೋದು ಮೇಲು, ನಾನು ಅದನ್ನೇ ಮಾಡ್ತಿದ್ದೀನಿ ಅನ್ನೋದು ಅವನ ಸಮರ್ಥನೆ. ಕಡಿಮೆ ದುಡ್ಡಿನಲ್ಲಿ ಚೆನ್ನಾಗಿ ಉಣ್ಣೋದು ಹೇಗೆ ಅಂತ ಅದೇ ಹೊತ್ತಿಗೆ ಪುಸ್ತಕವನ್ನೂ ಬರೆದ.

ನನಗೆ ಈ ವಾದದಲ್ಲಿ ಅರ್ಧ ಒಪ್ಪಿಗೆ ಇದೆ. ರುಚಿ ಅನ್ನೋದು ಶ್ರೀಮಂತರ ಸ್ವತ್ತಲ್ಲ, ಅದು ನಿಜ. ಆದರೆ ಇನ್ನರ್ಧ ಒಪ್ಪಿಗೆ ಇಲ್ಲ. ಒಳಗೆ ಹೋಗಿ ಸುಧಾರಿಸೋದು ಬೇರೆ, ಒಳಗಿನವರ ಸಂಬಳ ತಗೊಂಡು ಟಿವಿಯಲ್ಲಿ ಹೊಗಳೋದು ಬೇರೆ. ಆ ಜಾಹೀರಾತಿನ ಆಮೇಲೆ ಅವನು ಬೇರೆ ಅಂಗಡಿಯ ಸಾಸೇಜನ್ನು ಬೈದರೆ, ಕೇಳೋನ ತಲೆಯಲ್ಲಿ ಮೊದಲು ಹುಟ್ಟೋ ಪ್ರಶ್ನೆ 'ಅದು ನಿಜವಾಗ್ಲೂ ಕೆಟ್ಟದಾಗಿದೆಯಾ?' ಅಂತಲ್ಲ. 'ಇವನಿಗೆ ಯಾರು ದುಡ್ಡು ಕೊಟ್ಟಿದ್ದಾರೆ?' ಅಂತ. ರುಚಿ ಹೇಳೋನ ಬಂಡವಾಳ ನಾಲಿಗೆ ಅಲ್ಲ, ನಂಬಿಕೆ.

ಈ ಪ್ರಶ್ನೆ ಕೋಫ್‌ನಿಂದ ಶುರುವಾದದ್ದೂ ಅಲ್ಲ. 1803ರಲ್ಲಿ ಪ್ಯಾರಿಸಿನಲ್ಲೇ ಗ್ರಿಮೋ ದ ಲಾ ರೆನ್ಯೇರ್ ಅನ್ನೋನು ಹೊಟ್ಟೆಬಾಕರಿಗೆ ಅಂತ ಒಂದು ವಾರ್ಷಿಕ ಪುಸ್ತಕ ತಂದ. ಊರಿನ ಯಾವ ಅಂಗಡಿಯಲ್ಲಿ ಏನು ಚೆನ್ನಾಗಿದೆ ಅಂತ ಅದರಲ್ಲಿ ಬರೆಯೋನು. ಆಹಾರ ವಿಮರ್ಶೆಯ ಮೂಲಪುರುಷ ಅಂತ ಅವನನ್ನೇ ಕರೀತಾರೆ. ಗೆಳೆಯರನ್ನು ಸೇರಿಸಿ ರುಚಿ ನೋಡೋ ಪಂಚಾಯ್ತಿ ಮಾಡಿದ್ದ. ವ್ಯಾಪಾರಿಗಳು ತಮ್ಮ ತಮ್ಮ ಸಾಮಾನನ್ನು ಪುಕ್ಕಟೆ ಕಳಿಸಿಕೊಡೋರು, ಪಂಚಾಯ್ತಿ ತಿಂದು ತೀರ್ಪು ಕೊಡೋದು. ಪುಕ್ಕಟೆ ತಿಂದ ಬಾಯಿ ಎಷ್ಟು ನೆಟ್ಟಗೆ ಮಾತಾಡೀತು ಅಂತ ಜನ ಆಗಲೇ ಆಡಿಕೊಂಡರು.

ಅದಕ್ಕೆ ಉತ್ತರ ಹುಡುಕೋಕೆ ನೂರು ವರ್ಷದ ಮೇಲಾಯಿತು. ಟೈರ್ ಮಾರೋ ಮಿಷೆಲಿನ್ ಕಂಪನಿ 1900ರಲ್ಲಿ ಕಾರಿನವರಿಗೆ ಅಂತ ದಾರಿ ಪುಸ್ತಕ ತಂದು, 1926ರಲ್ಲಿ ಹೋಟೆಲುಗಳಿಗೆ ನಕ್ಷತ್ರ ಕೊಡೋಕೆ ಶುರು ಮಾಡಿತು. ಅವರ ಇನ್‌ಸ್ಪೆಕ್ಟರುಗಳು ಹೆಸರು ಹೇಳದೆ ಹೋಗಿ, ಉಂಡು, ದುಡ್ಡು ಕೊಟ್ಟು ಬರ್ತಾರೆ. ಅಮೆರಿಕದಲ್ಲಿ 1957ರಲ್ಲಿ ನ್ಯೂಯಾರ್ಕ್ ಟೈಮ್ಸಿನ ಆಹಾರ ಸಂಪಾದಕನಾದ ಕ್ರೇಗ್ ಕ್ಲೇಬೋರ್ನ್ ಕೂಡ ಇದೇ ಶಿಸ್ತು ತಂದ. ಗುಟ್ಟಾಗಿ ಹೋಗಬೇಕು, ಒಂದೇ ಸಲ ಅಲ್ಲ, ಮತ್ತೆ ಮತ್ತೆ ಹೋಗಬೇಕು, ಬಿಲ್ಲು ಪತ್ರಿಕೆಯೇ ಕಟ್ಟಬೇಕು. ಅಂದ್ರೆ ಇನ್ನೂರು ವರ್ಷ ಈ ಕಸುಬಿನ ಚರಿತ್ರೆ ಪೂರ್ತಿ ಒಂದೇ ಪ್ರಶ್ನೆಯ ಸುತ್ತ ಸುತ್ತಿದೆ. ತಿಂದದ್ದಕ್ಕೆ ದುಡ್ಡು ಕೊಟ್ಟವರು ಯಾರು?

ಈಗ ಫ್ರಾನ್ಸಿನಿಂದ ಆಲ್ದೂರಿಗೆ ಬರೋಣ. ನಮ್ಮಲ್ಲಿ ರುಚಿ ಹೇಳೋರೇ ಇಲ್ಲ ಅಂತ ಮೇಲೆ ಹೇಳಿದೆನಲ್ಲ, ಅದು ಊಟಕ್ಕೆ ಮಾತ್ರ ನಿಜ. ಕಾಫಿ ವಿಷಯದಲ್ಲಿ ನಮ್ಮ ಮಲೆಗಳ ಬೆಳೆಗೆ ಹೆಸರಿಡೋರು ಎಂಬತ್ತು ವರ್ಷದ ಹಿಂದಿನಿಂದಲೂ ಇದ್ದರು. ನಮ್ಮ ಕಣ್ಣಿಗೆ ಬೀಳಲಿಲ್ಲ ಅಷ್ಟೆ.

ಎರಡನೇ ಮಹಾಯುದ್ಧ ಬಂದು ಯುರೋಪಿನ ಬಾಗಿಲು ಮುಚ್ಚಿದಾಗ ನಮ್ಮ ಕಾಫಿ ಕೊಳ್ಳೋರಿಲ್ಲದೆ ಬಿತ್ತು. ಬೆಳೆಗಾರರನ್ನು ಉಳಿಸೋಕೆ 1940ರಲ್ಲಿ ಒಂದು ಮಂಡಳಿ, 1942ರಲ್ಲಿ ಕಾಫಿ ಕಾಯಿದೆ ಬಂದವು. ಅಲ್ಲಿಂದ ಐವತ್ತು ವರ್ಷ 'ಪೂಲ್' ಕಾಲ. ನಿಮ್ಮ ತೋಟದ ಕಾಫಿಯನ್ನು ನೀವು ಮಾರೋ ಹಾಗಿಲ್ಲ, ಕಾಫಿ ಬೋರ್ಡಿನ ಪೂಲಿಗೆ ಒಪ್ಪಿಸಬೇಕು. ಕ್ಯೂರಿಂಗ್ ವರ್ಕ್ಸ್‌ನಲ್ಲಿ ಸಿಪ್ಪೆ ಬಿಡಿಸಿ, ಗಾತ್ರ ನೋಡಿ, ಗ್ರೇಡ್ ಮಾಡಿ, ಅದಕ್ಕೆ ಪಾಯಿಂಟ್ ಲೆಕ್ಕ. ಪಾಯಿಂಟಿಗೆ ಇಷ್ಟು ಪೈಸೆ ಅಂತ ಬೋರ್ಡು ಘೋಷಣೆ ಮಾಡುತ್ತೆ. ದುಡ್ಡು ಕಂತು ಕಂತಾಗಿ ಬರುತ್ತೆ. ನಮ್ಮ ಕಡೆ ಮದುವೆಗಳೆಲ್ಲ ಪೂಲ್ ಪೇಮೆಂಟ್ ನೋಡಿಕೊಂಡೇ ನಿಶ್ಚಯ ಆಗ್ತಿದ್ದ ಕಾಲ ಅದು. ಹಳಬರನ್ನು ಕೇಳಿ, ಹೇಳ್ತಾರೆ.

ಪೂಲ್ ಬೆಳೆಗಾರನನ್ನು ಬದುಕಿಸಿತು, ಅದರಲ್ಲಿ ಎರಡು ಮಾತಿಲ್ಲ. ಆದರೆ ರುಚಿಯನ್ನು? ನಾನು ಹಣ್ಣನ್ನು ಮಾತ್ರ ಆರಿಸಿ ಕೊಯ್ದು, ಅದೇ ದಿನ ಪಲ್ಪರಿಗೆ ಹಾಕಿ, ಹದವಾಗಿ ತೊಳೆದು, ಸಿಮೆಂಟ್ ಕಣದಲ್ಲಿ ನಿಧಾನ ಒಣಗಿಸಿದ್ದೀನಿ ಅನ್ನಿ. ಪಕ್ಕದ ತೋಟದವನು ಕಾಯಿ ಹಣ್ಣು ಒಟ್ಟಿಗೆ ಉದುರಿಸಿ, ಮೂರು ದಿನ ಗುಡ್ಡೆ ಹಾಕಿ, ಮಣ್ಣಿನ ಕಣದಲ್ಲಿ ಹರಡಿದ್ದಾನೆ. ಇಬ್ಬರ ಕಾಫಿಯೂ ಕೊನೆಗೆ ಒಂದೇ ರಾಶಿಗೆ. ಅದರಲ್ಲಿ ನನ್ನದು ಯಾವುದು? ಆ ಕಾಫಿ ಎಲ್ಲಿಗೆ ಹೋಯ್ತು, ಕುಡಿದವನು ಮೆಚ್ಚಿದನಾ, ಮುಖ ಸಿಂಡರಿಸಿದನಾ ಅನ್ನೋದು ಬೆಳೆದವನಿಗೆ ತಿಳಿಯೋ ದಾರಿಯೇ ಇರಲಿಲ್ಲ.

ಆದರೆ ಬೆಂಗಳೂರಿನ ಬೋರ್ಡ್ ಆಫೀಸಿನಲ್ಲಿ ಅದನ್ನು ಕುಡಿದು ನೋಡೋರು ಇದ್ದರು. ಕಪ್ ಟೇಸ್ಟರ್ ಅಂತ ಅವರ ಹೆಸರು. 1972ರಲ್ಲಿ ಆ ಕೆಲಸಕ್ಕೆ ಸೇರಿದವರು ಸುನಾಲಿನಿ ಮೆನನ್. ಗಂಡಸರದ್ದೇ ಆಗಿದ್ದ ಕಸುಬಿಗೆ ಒಬ್ಬ ಯುವತಿ. ಏಷ್ಯಾದ ಮೊದಲ ಮಹಿಳಾ ಕಾಫಿ ಟೇಸ್ಟರ್ ಅಂತ ಅವರನ್ನು ಜಗತ್ತು ಗುರುತಿಸುತ್ತೆ. ಎರಡು ದಶಕಕ್ಕೂ ಹೆಚ್ಚು ಕಾಲ ಅಲ್ಲಿ ದುಡಿದು, ಗುಣಮಟ್ಟ ವಿಭಾಗದ ಮುಖ್ಯಸ್ಥೆಯಾದರು.

ಈ ಕೆಲಸ ನೋಡೋಕೆ ತಮಾಷೆಯಾಗಿರುತ್ತೆ. ಸಾಲಾಗಿ ಬಟ್ಟಲು. ಹುರಿದು ಪುಡಿ ಮಾಡಿದ ಕಾಫಿಗೆ ಬಿಸಿ ನೀರು. ಹಾಲಿಲ್ಲ, ಸಕ್ಕರೆ ಇಲ್ಲ. ಮೊದಲು ಬಗ್ಗಿ ಮೂಸಬೇಕು. ಆಮೇಲೆ ಚಮಚದಲ್ಲಿ ತೆಗೆದು ಸೊರ್ ಅಂತ ಜೋರಾಗಿ ಎಳೆದುಕೊಳ್ಳಬೇಕು, ಬಾಯಿ ತುಂಬ ಆಡಿಸಿ ಉಗುಳಬೇಕು. ನಮ್ಮ ಮನೆಯಲ್ಲಿ ಮಕ್ಕಳು ಹಂಗೆ ಸೊರ್ ಅಂದ್ರೆ ತಲೆಗೊಂದು ಮೊಟಕು ಬೀಳುತ್ತೆ! ಪಳಗಿದವರಿಗೆ ಆ ಒಂದು ಗುಟುಕಿನಲ್ಲಿ ತೋಟದ ಜಾತಕವೇ ಕಾಣುತ್ತೆ. ಹಸಿರು ಕಾಯಿ ಸೇರಿದ್ದರೆ ಒಗರು, ಹಣ್ಣು ಹೆಚ್ಚು ಹೊತ್ತು ಕೊಳೆತಿದ್ದರೆ ಹುಳಿ ಮತ್ತು ಈರುಳ್ಳಿಯಂಥ ನಾತ, ಕಣದಲ್ಲಿ ಮಳೆ ಹೊಡೆದಿದ್ದರೆ ಮುಗ್ಗಲು, ಮಣ್ಣಿನ ಕಣವಾದರೆ ಮಣ್ಣು. ಬಟ್ಟಲಿನ ಮೇಲೆ ನಂಬರ್ ಇರುತ್ತೆ, ಮಾಲೀಕನ ಹೆಸರಿರಲ್ಲ. ಸಾವಿರ ಎಕರೆ ಧಣಿಯದ್ದಾದರೂ ಅಷ್ಟೆ, ಎರಡೆಕರೆ ಹಿಡುವಳಿದಾರನದ್ದಾದರೂ ಅಷ್ಟೆ. ಕ್ಲೇಬೋರ್ನ್ ಗುಟ್ಟಾಗಿ ಹೋಟೆಲಿಗೆ ಹೋಗಿದ್ದು, ಇಲ್ಲಿ ಬಟ್ಟಲಿಗೆ ನಂಬರ್ ಹಾಕಿದ್ದು, ಎರಡೂ ಒಂದೇ ಬುದ್ಧಿ.

ಪೂಲ್ ಒಡೆಯೋಕೆ ಶುರುವಾದದ್ದು 1992ರಲ್ಲಿ. ಮೊದಲು ಬೆಳೆಯ ಒಂದು ಪಾಲು ಮಾತ್ರ ಸ್ವಂತ ಮಾರಾಟಕ್ಕೆ ಬಿಟ್ಟರು. ಆಮೇಲೆ ಅರ್ಧ. 1996ರ ಹೊತ್ತಿಗೆ ಪೂರ್ತಿ ಸ್ವತಂತ್ರ. ಅದೇ ವರ್ಷ ನಮ್ಮ ಜಿಲ್ಲೆಯವರೇ ಆದ ವಿ.ಜಿ. ಸಿದ್ಧಾರ್ಥ ಬೆಂಗಳೂರಿನ ಬ್ರಿಗೇಡ್ ರೋಡಿನಲ್ಲಿ ಮೊದಲ ಕೆಫೆ ಕಾಫಿ ಡೇ ತೆರೆದರು. ಸುನಾಲಿನಿ ಮೆನನ್ ಬೋರ್ಡಿನಿಂದ ಹೊರಬಂದು ಬೆಂಗಳೂರಿನಲ್ಲಿ 'ಕಾಫಿಲ್ಯಾಬ್' ಕಟ್ಟಿದ್ದೂ ಆ ದಶಕದ ನಡುವಿನಲ್ಲೇ. ಆಗ ಮೊದಲ ಬಾರಿಗೆ ಒಬ್ಬ ಬೆಳೆಗಾರ ತನ್ನ ಸ್ಯಾಂಪಲ್ ಹಿಡಿದುಕೊಂಡು ಹೋಗಿ 'ಮೇಡಂ, ನನ್ನ ಕಾಫಿ ಹೇಗಿದೆ?' ಅಂತ ಕೇಳೋ ಹಾಗಾಯಿತು.

ಇಲ್ಲಿ ಗಮನಿಸಿ. ಈ ಪ್ರಶ್ನೆ ಕೇಳೋನು ಫೀಸು ಕೊಟ್ಟು ಕೇಳ್ತಾನೆ. ಹಾಗಾದರೆ ಕೋಫ್‌ಗೂ ಇವರಿಗೂ ಏನು ವ್ಯತ್ಯಾಸ? ನನ್ನ ಲೆಕ್ಕದಲ್ಲಿ ಬಹಳ ಇದೆ. ಬೆಳೆಗಾರ ದುಡ್ಡು ಕೊಡೋದು ನಿಜ ತಿಳಿಯೋಕೆ, ಹೊಗಳಿಸಿಕೊಳ್ಳೋಕಲ್ಲ. ಒಳ್ಳೇದಿದೆ ಅಂತ ಸುಳ್ಳು ಹೇಳಿ ಕಳಿಸಿದರೆ, ಅದೇ ಕಾಫಿಯನ್ನು ಇಟಲಿಯಲ್ಲೋ ಜರ್ಮನಿಯಲ್ಲೋ ಇನ್ನೊಬ್ಬ ಸೊರ್ ಅಂತ ಎಳೆದು ನೋಡ್ತಾನೆ. ಸುಳ್ಳು ಅಲ್ಲಿ ಸಿಕ್ಕಿಬೀಳುತ್ತೆ. ಜಾಹೀರಾತಿನ ನಾಲಿಗೆಗೆ ಆ ಭಯ ಇಲ್ಲ.

2001-02ರ ಹೊತ್ತಿಗೆ ಜಗತ್ತಿನ ಕಾಫಿ ಬೆಲೆ ಪಾತಾಳಕ್ಕೆ ಇಳಿದಾಗ ನಮ್ಮ ಮಲೆಗಳಲ್ಲಿ ಏನೇನಾಯಿತು ಅಂತ ಕಂಡವರಿಗೆ ಗೊತ್ತು. ತೋಟ ಬಿಟ್ಟವರು, ಸಾಲದಲ್ಲಿ ಮುಳುಗಿದವರು. ಎಲ್ಲರ ಕಾಫಿಯೂ ಒಂದೇ ಅನ್ನೋ ಕಾಲಕ್ಕೆ ಹೊಂದಿಕೊಂಡಿದ್ದ ನಮಗೆ, ನನ್ನದು ಬೇರೆ ಅಂತ ತೋರಿಸೋಕೆ ಏನೂ ಇರಲಿಲ್ಲ. ಆಮೇಲಿನ ವರ್ಷಗಳಲ್ಲಿ ಕಾಫಿ ಬೋರ್ಡು ರುಚಿಯ ಸ್ಪರ್ಧೆಗಳನ್ನು ನಡೆಸಿತು. 2019ರಲ್ಲಿ ಚಿಕ್ಕಮಗಳೂರು ಅರೇಬಿಕಾ, ಬಾಬಾಬುಡನ್‌ಗಿರಿ ಅರೇಬಿಕಾ ಎರಡಕ್ಕೂ ಭೌಗೋಳಿಕ ಗುರುತಿನ ಮಾನ್ಯತೆ ಸಿಕ್ಕಿತು. 17ನೇ ಶತಮಾನದಲ್ಲಿ ಬಾಬಾಬುಡನ್ ಏಳು ಬೀಜ ತಂದರು ಅನ್ನೋ ಕಥೆ ಇರುವ ಬೆಟ್ಟಕ್ಕೆ, ಅದರ ರುಚಿಯ ಹೆಸರು ಕಾಗದದ ಮೇಲೆ ಬರೋಕೆ ಇಷ್ಟು ಕಾಲ ಬೇಕಾಯಿತು.

ಇಷ್ಟಾದರೂ ನಮ್ಮ ಮನೆಗಳಲ್ಲಿ ಏನು ಕುಡೀತೀವಿ? ಇದನ್ನು ಹೊರಗಿನವರು ನಂಬಲ್ಲ. ಒಳ್ಳೆ ಪಾರ್ಚ್‌ಮೆಂಟ್ ಎಲ್ಲ ಚೀಲ ಕಟ್ಟಿ ಲಾರಿ ಹತ್ತುತ್ತೆ. ಮನೆಗೆ ಉಳಿಯೋದು ನೆಲಕ್ಕೆ ಉದುರಿದ್ದು, ಒಡಕಲು, ಕಪ್ಪಾದದ್ದು. ಅದನ್ನು ಚೆನ್ನಾಗಿ ಕರಿ ಮಾಡಿ ಹುರಿದು, ಚಿಕೋರಿ ಬೆರೆಸಿ, ಬೆಲ್ಲ ಹಾಕಿ ಕುದಿಸಿದರೆ ಕಾಫಿ. (ಚಿಕೋರಿ ಕಾಫಿಯಲ್ಲಿ ಕಾಫಿ ಕನಿಷ್ಠ 51 ಪಾಲು ಇರಬೇಕು ಅಂತ ಕಾನೂನು. ಅಂದ್ರೆ 49 ಪಾಲು ಬೇರೇನೋ ಆದರೂ ಅದನ್ನು ಕಾಫಿ ಅಂಗಡಿಯಲ್ಲೇ ಮಾರಬಹುದು!) ಬೆಲ್ಲದ ಕಾಫಿ ನನಗೂ ಇಷ್ಟವೇ. ಮಳೆಗಾಲದಲ್ಲಿ ಅದಿಲ್ಲದೆ ಬದುಕಿಲ್ಲ. ಆದರೆ ತಲೆತಲಾಂತರದಿಂದ ಕಾಫಿ ಬೆಳೆದು, ನಮ್ಮ ತೋಟದ ಒಳ್ಳೆ ಕಾಫಿ ಹೇಗಿರುತ್ತೆ ಅಂತ ಒಂದು ಸಲವೂ ಕುಡಿದು ನೋಡದೆ ಹೋದ ಹಿರಿಯರು ಎಷ್ಟು ಜನ! ಹೆಸರಿಡೋದು ಬಿಡಿ, ಹೆಸರಿಡೋಕೆ ಮೊದಲು ರುಚಿ ಗೊತ್ತಿರಬೇಕಲ್ಲ.

ಅನ್ನಕ್ಕೆ ಹೆಸರಿಡಬಾರದು ಅನ್ನೋ ಮಾತು ಮನೆಯೊಳಗೆ ಚೆಂದ. ಬಡಿಸಿದವರು ನಮ್ಮವರು, ಹಾಕಿದ್ದು ಪ್ರೀತಿಯಿಂದ. ಆದರೆ ದುಡ್ಡು ತಗೊಂಡು ಕೊಡೋನಿಗೂ ಅದೇ ದಾಕ್ಷಿಣ್ಯ ತೋರಿಸಿದರೆ ಏನಾಗುತ್ತೆ? 2024ರ ಮಾರ್ಚ್‌ನಲ್ಲಿ ನಮ್ಮ ರಾಜ್ಯ ಸರ್ಕಾರ ಗೋಬಿ ಮಂಚೂರಿಗೆ ಕೃತಕ ಬಣ್ಣ ಹಾಕೋದನ್ನು ನಿಷೇಧಿಸಿತು. ಪರೀಕ್ಷೆಗೆ ತಗೊಂಡ 171 ಸ್ಯಾಂಪಲ್‌ಗಳಲ್ಲಿ 107 ಅಸುರಕ್ಷಿತ ಅಂತ ಬಂದಿತ್ತು. ಬಾಂಬೆ ಮಿಠಾಯಿಯಲ್ಲಿ ಬಟ್ಟೆಗೆ ಹಾಕೋ ಬಣ್ಣ ಸಿಕ್ಕಿತ್ತು. ಅಷ್ಟು ವರ್ಷ ಆ ಕೆಂಪನ್ನು ನೋಡಿಕೊಂಡೇ ನಾವೆಲ್ಲ ತಿಂದಿದ್ದೀವಿ. ಬೆರಳಿಗೆ ಹತ್ತಿದ ಬಣ್ಣ ಸೋಪು ಹಾಕಿದರೂ ಹೋಗ್ತಿರಲಿಲ್ಲ. ಗಾಡಿಯವನ ಮುಂದೆ ನಿಂತು 'ಇದೇನಪ್ಪಾ ಇದು' ಅಂತ ಕೇಳೋ ಒಬ್ಬ ಮನುಷ್ಯ ಸಂಜೆ ಟಿವಿಯಲ್ಲಿ ಇದ್ದಿದ್ದರೆ, ಲ್ಯಾಬ್ ರಿಪೋರ್ಟಿಗೆ ಕಾಯಬೇಕಿತ್ತಾ?

ಕೋಫ್ 2015ರಲ್ಲಿ ತನ್ನ ಬದುಕಿನ ಕಥೆ ಬರೆದ. ಮರು ವರ್ಷ, 2016ರ ಮಾರ್ಚ್ 29ರಂದು, ಲಾನ್ರೇ ಅನ್ನೋ ಹಳ್ಳಿಯ ತನ್ನ ಮನೆಯಲ್ಲಿ ತೀರಿಕೊಂಡ. ಎಪ್ಪತ್ತೆಂಟು ತುಂಬಿ ಐದು ದಿನ ಆಗಿತ್ತು. ಸತ್ತಾಗ ಪತ್ರಿಕೆಗಳು ಎರಡನ್ನೂ ಬರೆದವು, ಆ ಎರಡಕ್ಷರವನ್ನೂ, ಆ ಜಾಹೀರಾತನ್ನೂ. ಅದು ನ್ಯಾಯ ಅಂತ ನನಗನ್ನಿಸುತ್ತೆ. ಅವನ ಬೈಗುಳ ಜನಕ್ಕೆ ಪ್ಯಾಕೆಟ್ ತಿರುಗಿಸಿ ಓದೋದು ಕಲಿಸಿತು. ಅವನ ಜಾಹೀರಾತು ಜನಕ್ಕೆ ಬೈಯೋನನ್ನೂ ತಿರುಗಿಸಿ ನೋಡಬೇಕು ಅಂತ ಕಲಿಸಿತು.

2024-25ರಲ್ಲಿ ಕಾಫಿ ಬೆಲೆ ಹಿಂದೆಂದೂ ಕಾಣದಷ್ಟು ಏರಿತು. ಬೆಲೆ ಇದ್ದಾಗ ಕೊಯ್ಲಿನಲ್ಲಿ ಕಾಯಿ ಸೇರಿದರೂ ಯಾರೂ ಕೇಳಲ್ಲ, ಕೊಂಡವನೂ ಕೇಳಲ್ಲ. ಬೆಲೆ ಬಿದ್ದ ದಿನ ಕೇಳ್ತಾರೆ. ಅದಕ್ಕೆ ನಮ್ಮ ಕಡೆಯ ಬೆಳೆಗಾರ ಬಂಧುಗಳಿಗೆ ನನ್ನದೊಂದು ಸಣ್ಣ ವಿನಂತಿ. ಈ ಸಲ ಕೊಯ್ಲಿನಲ್ಲಿ ಒಳ್ಳೆ ಹಣ್ಣಿನ ಅರೇಬಿಕಾ ಒಂದು ಸೇರು ಮನೆಗೆ ಅಂತ ಎತ್ತಿಡಿ. ಚಿಕೋರಿ ಹಾಕದೆ, ಹದವಾಗಿ ಹುರಿದು, ಮೊದಲು ಹಾಲು ಬೆಲ್ಲ ಇಲ್ಲದೆ ಒಂದು ಗುಟುಕು ಕುಡಿದು ನೋಡಿ. ಸೊರ್ ಅಂತಲೇ ಎಳೆಯಿರಿ, ಮನೆಯಲ್ಲಿ ಬೈದರೆ ಬೈಯಲಿ. ಚೆನ್ನಾಗಿದ್ದರೆ ಚೆನ್ನಾಗಿದೆ ಅನ್ನಿ. ಇಲ್ಲದಿದ್ದರೆ ಯಾಕೆ ಇಲ್ಲ ಅಂತ ಕಣದ ಕಡೆ, ಪಲ್ಪರ್ ಕಡೆ ಒಂದು ಸಲ ನಡೆದು ಬನ್ನಿ. ನಮ್ಮ ಬೆಳೆಗೆ ನಾವೇ ಹೆಸರಿಟ್ಟುಕೊಂಡರೆ ಯಾವ ಅನ್ನದೇವರಿಗೂ ಸಿಟ್ಟು ಬರಲ್ಲ.